ಮಾವಯ್ಯನ ಬೀದಿಯಲ್ಲಿ ನಿಧಾನ

ಪ್ರೀತಿಯ ಚಿಕ್ಕ ದೊರೆಗೆ,

ಇವತ್ತು ಗುರುವಾರ. ಒಲೆಯ ಮೇಲೆ ಎಣ್ಣೆ ಇಟ್ಟಿದ್ದೇನೆ. ಹೋದವರಿಗೆ ನಮ್ಮ ಊಟ ತಲುಪುವುದಿಲ್ಲ, ಕಾದ ಎಣ್ಣೆಯ ವಾಸನೆ ಮಾತ್ರ ತಲುಪುತ್ತದೆ ಎಂದು ಅತ್ತೆಯವರು ಹೇಳುತ್ತಾರಲ್ಲ, ಅದಕ್ಕೆ ನೀನು ಹೋದಮೇಲೆ ವಾರ ತಪ್ಪದೆ ಹಿಟ್ಟಿನ ತುಂಡುಗಳ ಬೋರ್ಸೊಕ್ ಕರಿಯುತ್ತಿದ್ದೇವೆ. ಬರೀ ವಾಸನೆಗೆ ತೃಪ್ತಿಪಡುವ ಆಸಾಮಿ ನೀನಲ್ಲ ಎಂದು ನನಗೆ ಗೊತ್ತು. ಬಾಣಲೆಯಿಂದ ತೆಗೆದದ್ದನ್ನು ನೇರ ಬಾಯಿಗೆ ಹಾಕಿಕೊಂಡು, ನಾಲಿಗೆ ಸುಟ್ಟುಕೊಂಡು, "ನೀವು ಬೇಕಂತಲೇ ಇಷ್ಟು ಬಿಸಿ ಮಾಡಿದ್ದು ಅತ್ತಿಗೆ" ಎಂದು ನನ್ನ ಮೇಲೇ ಗೂಬೆ ಕೂರಿಸುತ್ತಿದ್ದವನು. ಈಗ ಹಿಟ್ಟು ಕತ್ತರಿಸಿಟ್ಟು, ಎಣ್ಣೆ ಕಾಯುವಷ್ಟರಲ್ಲಿ ಬರೆದು ಮುಗಿಸೋಣ ಎಂದು ಕುಳಿತಿದ್ದೇನೆ. ಮುಗಿಯುವ ಹಾಗೆ ಕಾಣುವುದಿಲ್ಲ.

ನಾಳೆ ನಿನ್ನ ಆಟದ ಹೊಸ ಆವೃತ್ತಿ ಬಿಡುಗಡೆಯಾಗುತ್ತದೆ. ಅದರಲ್ಲಿ ನಾನು ಒಂದು ಮಾತು ಬದಲಿಸಿದ್ದೇನೆ. ಬಿಷ್ಕೆಕ್‌ನ ಹುಡುಗರೆಲ್ಲ ಅದನ್ನು ಕೇಳುವ ಮೊದಲು ನಿನಗೆ ಹೇಳದಿದ್ದರೆ ನನಗೆ ಸಮಾಧಾನವಿಲ್ಲ.

ಮದುವೆಯಾಗಿ ಬಂದ ವಾರವೇ ಅತ್ತೆಯವರು ನನ್ನನ್ನು ಕೂರಿಸಿಕೊಂಡು ಹೆಸರುಗಳ ಪಾಠ ಮಾಡಿದ್ದು ನಿನಗೆ ನೆನಪಿರಬೇಕು. ಮಾವಯ್ಯನ ಹೆಸರು ಸೊಸೆಯ ಬಾಯಲ್ಲಿ ಬರಬಾರದು. ಮಾವಯ್ಯನ ಅಣ್ಣತಮ್ಮಂದಿರ ಹೆಸರು ಬರಬಾರದು. ಗಂಡನ ಒಡಹುಟ್ಟಿದವರ ಹೆಸರೂ ಬರಬಾರದು, ಅವನು ಮೊನ್ನೆ ಮೊನ್ನೆ ಹಾಲುಹಲ್ಲು ಬಿದ್ದ ಹುಡುಗನಾದರೂ ಸರಿ. "ಅವನಿಗೆ ನೀನೇ ಒಂದು ಹೆಸರಿಟ್ಕೋ, ಸಾಯೋತನಕ ಹಾಗೇ ಕರಿ" ಎಂದರು. ನೀನು ಬಾಗಿಲ ಹಿಂದೆ ನಿಂತು ಎಲ್ಲ ಕೇಳಿಸಿಕೊಳ್ಳುತ್ತಿದ್ದೆ. ಮೊಣಕಾಲಿಗೆ ಗಾಯ, ಕೈಯಲ್ಲಿ ಚಕ್ರ ಕಳಚಿದ ಆಟದ ಕಾರು. ನನಗೆ ಥಟ್ಟನೆ ಚಿಕ್ಕ ದೊರೆ ಎಂಬ ಹೆಸರು ಹೊಳೆಯಿತು. ನೀನು ಅಲ್ಲಿಂದಲೇ ಬಂದು, ಅತಿಥಿಗಳು ಕೂರುವ ಮೇಲಿನ ಜಾಗದಲ್ಲಿ ಚಕ್ಕಳಮಕ್ಕಳ ಹಾಕಿಕೊಂಡು, "ಹಾಗಾದ್ರೆ ದೊರೆಗೆ ಚಹಾ ತನ್ನಿ" ಎಂದು ಅಪ್ಪಣೆ ಮಾಡಿದೆ. ಆ ಮನೆಯಲ್ಲಿ ನಾನು ಮೊದಲ ಸಲ ನಕ್ಕಿದ್ದು ಆವಾಗ.

ಆ ಹೊತ್ತಿಗೆ ನಾನು ಪಶ್ಚಿಮದ ಬಸ್ ನಿಲ್ದಾಣದಲ್ಲಿ ಘೋಷಣೆ ಮಾಡುವ ಕೆಲಸಕ್ಕೆ ಸೇರಿ ಆಗಿತ್ತು. ನಾರಿನ್, ಕರಕೋಲ್, ತಲಾಸ್ ಎಂದು ಇಡೀ ದಿನ ಊರುಗಳ ಹೆಸರು ಕೂಗುವುದು, ಮನೆಗೆ ಬಂದು ಮನುಷ್ಯರ ಹೆಸರು ನುಂಗುವುದು. ಮಾವಯ್ಯ ನಾರಿನ್ ಬಸ್ಸಿನ ಚಾಲಕರಾಗಿದ್ದವರು. ನನ್ನ ದನಿ ಕೇಳಿಯೇ ಸೊಸೆ ಮಾಡಿಕೊಂಡೆ ಎಂದು ಬಂದವರ ಮುಂದೆಲ್ಲ ಹೇಳುತ್ತಿದ್ದರು. "ಈ ಹುಡುಗಿ ಕೂಗಿದ್ರೆ ತಡವಾದ ಬಸ್ಸೂ ಸಮಯಕ್ಕೆ ಬಂದ ಹಾಗಿರುತ್ತೆ" ಎನ್ನುವುದು ಅವರ ಮಾತು.

ನೀನು ದೊಡ್ಡವನಾಗಿ, ಕಂಪ್ಯೂಟರ್ ಕಲಿತು, ಆಟಗಳನ್ನು ಮಾಡುವ ಕೆಲಸ ಹಿಡಿದಾಗ ಅದೇ ಮಾವಯ್ಯನ ಮುಖ ಗಂಟಾಯಿತು. ದೊಲೊನ್ ಕಣಿವೆಯ ಹಿಮದಲ್ಲಿ ಮೂವತ್ತು ವರ್ಷ ಬಸ್ಸು ಓಡಿಸಿದವರಿಗೆ, ಕುರ್ಚಿಯಲ್ಲಿ ಕೂತು ಬೆರಳಲ್ಲಿ ಕಾರು ಓಡಿಸುವುದು ಕಸುಬು ಎಂದು ಹೇಗೆ ಅನ್ನಿಸೀತು? "ಆಟದ ಸಾಮಾನು ಮಾಡ್ತಾನಂತೆ" ಎಂದು ನೆರೆಯವರ ಮುಂದೆ ನಿನ್ನನ್ನು ಆಡಿಕೊಳ್ಳುತ್ತಿದ್ದರು. ನೀನು ಅವರ ಜೊತೆ ಊಟಕ್ಕೆ ಕೂರುವುದನ್ನೇ ಬಿಟ್ಟೆ. ನಿನ್ನ ತಟ್ಟೆ ಅಡುಗೆಮನೆಗೆ, ನನ್ನ ಪಕ್ಕಕ್ಕೆ ಬಂತು.

ಬೀದಿ ರೇಸಿನ ಆ ಆಟ ಹೊರದೇಶದ ದೊಡ್ಡ ಕಂಪನಿಯದು. ಎಲ್ಲ ದೇಶಗಳ ಹುಡುಗರೂ ಫೋನಿನಲ್ಲಿ ಆಡುತ್ತಿದ್ದರು. ನಮ್ಮ ಸೀಮೆಗೆಂದೇ ಒಂದು ಆವೃತ್ತಿ ಮಾಡುತ್ತಾರೆ, ನಮ್ಮ ಭಾಷೆ, ನಮ್ಮ ಊರಿನ ಬೀದಿಗಳು, ಬಲಗಡೆ ಸ್ಟೀರಿಂಗ್ ಇರುವ ನಮ್ಮ ಹಳೇ ಜಪಾನಿ ಕಾರುಗಳು ಎಂದು ಗೊತ್ತಾದ ದಿನ ನಿನ್ನ ಕಾಲು ನೆಲದ ಮೇಲಿರಲಿಲ್ಲ. "ನಮ್ಮ ಹುಡುಗ್ರು ಯಾರ್ಯಾರದೋ ಊರಲ್ಲಿ ಗಾಡಿ ಓಡಿಸ್ತಾರೆ ಅತ್ತಿಗೆ. ಒಂದ್ಸಲ ತಮ್ಮ ಊರಲ್ಲೇ ದಾರಿ ತಪ್ಪಲಿ" ಎಂದು ನೀನು ಹೇಳಿದ್ದು ಇಲ್ಲೇ, ಇದೇ ಒಲೆಯ ಮುಂದೆ. ಆಮೇಲೆ ಬೇಸಿಗೆಯಿಡೀ ನಿನ್ನ ಗೆಳೆಯ ಮೆದೆರ್ ಜೊತೆ ಊರೆಲ್ಲ ನಡೆದೆ. ತಿರುವು, ಮರ, ಮಕ್ಸಿಮ್ ಪಾನೀಯ ಮಾರುವ ಹೆಂಗಸರ ಪೀಪಾಯಿ, ಎಲ್ಲದರ ಫೋಟೋ ತೆಗೆದೆ. ನಿನ್ನ ಬೂಟಿನ ಅಡಿ ಸವೆದು ಹೋದಾಗ ಮಾವಯ್ಯ, "ಕಾರಿನ ಆಟ ಮಾಡೋನು ಕಾಲಲ್ಲೇ ನಡೀತಾನಲ್ಲ" ಎಂದು ಚುಚ್ಚಿದರು. ಚುಚ್ಚಿದರೂ ಹೊಸ ಬೂಟು ತಂದು ಬಾಗಿಲಲ್ಲಿ ಇಟ್ಟವರು ಅವರೇ. ನಿನ್ನ ಅಣ್ಣ ತಂದದ್ದು ಎಂದು ನೀನು ತಿಳಿದುಕೊಂಡಿದ್ದೆ. ನಾನು ಬಾಯಿ ಬಿಡಲಿಲ್ಲ, ಮಾವಯ್ಯ ಕಣ್ಣಲ್ಲೇ ತಡೆದಿದ್ದರು.

ಆಟದಲ್ಲಿ ಚಾಲಕನ ಪಕ್ಕದಲ್ಲಿ ಕೂತು ದಾರಿ ಹೇಳುವ ಹೆಂಗಸಿನ ದನಿಯೊಂದು ಬೇಕಿತ್ತು. ನೀನು ಬೇರೆ ಯಾರನ್ನೂ ಹುಡುಕಲಿಲ್ಲ. ಹಾಸಿಗೆಗಳನ್ನು ಪೇರಿಸಿಡುವ ಮೂಲೆಯಲ್ಲಿ, ಹೊರಗಿನ ಸದ್ದು ಬರಬಾರದೆಂದು ರಜಾಯಿಗಳನ್ನು ಗೋಡೆಯಂತೆ ನಿಲ್ಲಿಸಿ, ನಡುವೆ ನನ್ನನ್ನು ಕೂರಿಸಿ, ಮೈಕು ಕೈಗೆ ಕೊಟ್ಟೆ. ಸೆಕೆಗೆ ಬೆವರು ಇಳಿಯುತ್ತಿತ್ತು. ನೀನು ಬರೆದುಕೊಟ್ಟ ಮೊದಲ ಸಾಲಿನಲ್ಲೇ ನನ್ನ ನಾಲಿಗೆ ಅಂಟಿಕೊಂಡಿತು. ಆಟಗಾರನಿಗೆ ನೀನು ತುಂಟತನದಿಂದ ನಿನ್ನ ಹೆಸರನ್ನೇ ಇಟ್ಟಿದ್ದೆ. ತಿರುಗಬೇಕಾದ ಬೀದಿಗೋ, ಹಳೇ ಕಾಲದ ವೀರನೊಬ್ಬನ ಹೆಸರು. ಮಾವಯ್ಯನಿಗೂ ಅವರ ಅಪ್ಪ ಅಮ್ಮ ಅದೇ ಹೆಸರಿಟ್ಟಿದ್ದಾರೆ. ಒಂದೇ ಸಾಲಿನಲ್ಲಿ ಎರಡು ಹೆಸರು, ಎರಡೂ ನಾನು ಹೇಳಬಾರದವು.

"ಅದು ಬೀದಿ ಹೆಸರು ಅತ್ತಿಗೆ, ಅಪ್ಪನದಲ್ಲ" ಎಂದು ನೀನು ವಾದ ಮಾಡಿದೆ.

"ಬೀದಿಗೂ ವಯಸ್ಸಾಗಿದೆ, ಅದಕ್ಕೂ ಮರ್ಯಾದೆ ಕೊಡ್ತೀನಿ" ಎಂದು ನಾನು ಹೇಳಿದೆ.

"ಹೋಗ್ಲಿ, ನನ್ನ ಹೆಸರನ್ನಾದ್ರೂ ಒಂದ್ಸಲ ಹೇಳಿ. ನಿಮ್ಮ ದನೀಲಿ ಅದು ಹೇಗೆ ಕೇಳ್ಸುತ್ತೆ ಅಂತ ನನಗೆ ಗೊತ್ತೇ ಇಲ್ಲ."

"ನಿನ್ನ ಹೆಂಡತಿ ಬರ್ತಾಳಲ್ಲ, ಅವಳ ಹತ್ರ ಹೇಳಿಸ್ಕೋ."

ಕೊನೆಗೆ ನಾನು ಹೇಳಿದ್ದು ಇಷ್ಟು. ಎಡಕ್ಕೆ ತಿರುಗು ಚಿಕ್ಕ ದೊರೆ, ಮಾವಯ್ಯನ ಬೀದಿ ಬಂತು. ನೀನು ರಜಾಯಿಗಳ ಮೇಲೆ ಬಿದ್ದು ಬಿದ್ದು ನಕ್ಕೆ. ಆಮೇಲೆ ನಗು ನಿಲ್ಲಿಸಿ, ಇನ್ನೊಮ್ಮೆ ಕೇಳಿ, "ಇದೇ ಇರ್ಲಿ" ಎಂದೆ. ಅಲ್ಮಾಟಿಯಲ್ಲಿ ಕೂತು ಪರೀಕ್ಷೆ ಮಾಡುವವರು ಬೀದಿಯ ಹೆಸರು ತಪ್ಪಿದೆ ಎಂದು ತಕರಾರು ತೆಗೆದಾಗ, ನಮ್ಮ ಸೊಸೆಯಂದಿರು ಮಾತಾಡುವುದೇ ಹೀಗೆ, ಇದನ್ನು ತೆಗೆದರೆ ಇದು ನಮ್ಮ ಸೀಮೆಯ ಆವೃತ್ತಿಯೇ ಅಲ್ಲ ಎಂದು ಪಟ್ಟು ಹಿಡಿದೆಯಂತೆ. ಇದನ್ನು ಮೆದೆರ್ ಮೊನ್ನೆ ಹೇಳಿದ. ನೀನು ಹೇಳಿರಲಿಲ್ಲ.

ಬಿಡುಗಡೆಯಾದ ದಿನ ಫೋನು ಹಿಡಿದು ಮಾವಯ್ಯನ ಮುಂದೆ ಹೋಗುವ ಧೈರ್ಯ ನಿನಗಿರಲಿಲ್ಲ, ನಾನೇ ಹಿಡಿದೆ. ಅವರು ಕನ್ನಡಕ ಏರಿಸಿ ನೋಡಿದರು. ನನ್ನ ದನಿ ಬಂತು. ಇನ್ನೊಂದು ಸಲ ಹಾಕು ಎಂದರು. ಸೊಸೆ ಯಂತ್ರದ ಮುಂದೆಯೂ ಮಾವನ ಹೆಸರು ಹೇಳಲಿಲ್ಲ ಎಂಬುದು ಅವರಿಗೆ ಹೊಳೆಯಿತು. ಮುಖ ಸಡಿಲವಾಯಿತು. "ನನಗೆ ಇಷ್ಟು ಅಗಲದ ಬೀದಿ ಇದೆ ಅಂತ ಯಾರೂ ಹೇಳ್ಲೇ ಇಲ್ವಲ್ಲ" ಎಂದರು. ಆಮೇಲೆ ಅಡುಗೆಮನೆಯ ಕಡೆ ತಿರುಗಿ, "ಅವನ ತಟ್ಟೆ ಇಲ್ಲಿಗೆ ತಾ" ಎಂದರು. ನೀನು ಬಂದು ಕೂತೆ. ಇಬ್ಬರೂ ಒಟ್ಟಿಗೆ ಉಂಡಿರಿ. ನಾನು ಒಲೆ ಒರೆಸುವ ನೆಪದಲ್ಲಿ ಅತ್ತೆ.

ಆಟ ಊರಲ್ಲಿ ಹಬ್ಬಿಬಿಟ್ಟಿತು. ಮಿನಿಬಸ್ಸಿನಲ್ಲಿ, ಬಜಾರಿನಲ್ಲಿ, ಎಲ್ಲಿ ಹೋದರೂ ಯಾವುದೋ ಹುಡುಗನ ಫೋನಿನಿಂದ ನನ್ನದೇ ದನಿ. ಟ್ಯಾಕ್ಸಿಯವರು ಕೂಡ ಆ ಬೀದಿಯನ್ನು ಮಾವಯ್ಯನ ಬೀದಿ ಎನ್ನತೊಡಗಿದರು. ನನಗೆ ಬೀಗುವಷ್ಟು ಖುಷಿಯಾಗಿತ್ತು, ಸುಳ್ಳು ಯಾಕೆ ಹೇಳಲಿ. ಹುಡುಗರು ಆಟ ಸಾಲದೆಂದು ಭಾನುವಾರ ಬೆಳಗ್ಗೆ ನಿಜವಾದ ಬೀದಿಯಲ್ಲೇ ಸೇರಿ ಗಾಡಿ ಓಡಿಸುತ್ತಾರೆ ಎಂದು ಸುದ್ದಿ ಬಂದಾಗ ನೀನು ಮಾತ್ರ ಮಂಕಾದೆ. "ಬೀದೀಲಿ ಓಡಿಸ್ದೆ ಇರ್ಲಿ ಅಂತಲೇ ಅಲ್ವಾ ಫೋನಲ್ಲಿ ಕೊಟ್ಟಿದ್ದು" ಎಂದು ನೀನು ಹೇಳಿದಾಗ, ಹುಡುಗು ಬುದ್ಧಿ, ತಾನಾಗೇ ಸರಿಹೋಗುತ್ತದೆ ಎಂದೇ ನಾವೆಲ್ಲ ಅಂದುಕೊಂಡೆವು.

ಆ ಭಾನುವಾರವನ್ನು ಬರೆಯಲು ನನಗೆ ಕೈ ಬರುತ್ತಿಲ್ಲ. ಆದರೂ ನಿನಗೆ ಗೊತ್ತಿಲ್ಲದ ಒಂದಷ್ಟು ಇದೆ. ಜನ ದಾಟಲೆಂದು ಆ ಬೀದಿಗೆ ಹೊಸದಾಗಿ ಬಳಿದಿದ್ದ ಬಿಳಿ ಪಟ್ಟೆಯ ಫೋಟೋ ಹೊಸ ಆವೃತ್ತಿಗೆ ಬೇಕು, ಬರುವಾಗ ಬಿಸಿ ನಾನ್ ತರುತ್ತೇನೆ ಎಂದು ಹೊರಟೆ. ಪಟ್ಟೆಯ ಮೇಲೇ ನಡೆಯುತ್ತಿದ್ದೆಯಂತೆ. ಎರಡು ಕಾರು ಒಂದಕ್ಕೊಂದು ಪೈಪೋಟಿಗೆ ಬಿದ್ದು ಬಂದವು. ನಾವು ಓಡಿ ಹೋಗುವಷ್ಟರಲ್ಲಿ ನಿನ್ನನ್ನು ಒಯ್ದಿದ್ದರು. ಪಕ್ಕದ ಗಿಡ್ಡ ಗೋಡೆಯ ಮೇಲೆ ಎರಡು ನಾನ್ ಇದ್ದವು. ಯಾರೋ ಪುಣ್ಯಾತ್ಮರು ಅಷ್ಟು ಗಲಾಟೆಯಲ್ಲೂ ರೊಟ್ಟಿ ನೆಲದ ಮೇಲಿರಬಾರದೆಂದು ಎತ್ತಿ ಇಟ್ಟಿದ್ದರು. ಮಾವಯ್ಯ ಅವನ್ನು ಅಂಗಿಯೊಳಗೆ ಎದೆಗೆ ಇಟ್ಟುಕೊಂಡರು. ಇನ್ನೂ ಬಿಸಿಯಿದೆ ಎಂದು ಎಲ್ಲರಿಗೂ ಹೇಳುತ್ತಿದ್ದರು.

ಅಂಗಳದಲ್ಲಿ ಗುಡಾರ ಹಾಕಿದೆವು. ಹೆಂಗಸರೆಲ್ಲ ಗೋಡೆಗೆ ಮುಖ ಮಾಡಿ ಹಾಡಿ ಅತ್ತರು. ಅತ್ತೆಯವರು ನಿನ್ನ ಹೆಸರು ಕೂಗಿ ಕೂಗಿ ದನಿ ಕಳೆದುಕೊಂಡರು. ನಿನ್ನ ಚಿಕ್ಕಮ್ಮ ಕೂಗಿದರು, ಎದುರು ಮನೆಯ ಮುದುಕಿ ಕೂಡ ಕೂಗಿದಳು. ನಾನೊಬ್ಬಳು ಚಿಕ್ಕ ದೊರೆ, ಚಿಕ್ಕ ದೊರೆ ಎಂದು ಅತ್ತೆ. ಸಂಪ್ರದಾಯ ಹಾಗೆ, ಯಾರೂ ಏನೂ ಅನ್ನಲಿಲ್ಲ. ಆದರೆ ಅಷ್ಟು ಹೊತ್ತಿಗೆ ಆ ಹೆಸರು ನಿನ್ನೊಬ್ಬನದಾಗಿ ಉಳಿದಿರಲಿಲ್ಲ, ಆಟ ಆಡುವ ಹುಡುಗರೆಲ್ಲರದೂ ಆಗಿತ್ತು. ಗುಡಾರದ ಹೊರಗೆ ಯಾವ ಹುಡುಗ ತಿರುಗಿ ನೋಡಿದನೋ ಏನೋ.

ನಲವತ್ತನೇ ದಿನದ ಊಟವಾದ ಮೇಲೆ, ನಿನಗೆ ಗುದ್ದಿದ ಕಾರು ಓಡಿಸಿದ್ದ ಹುಡುಗನ ಮನೆಯವರು ಕ್ಷಮೆ ಕೇಳಲು ಬಂದರು. ಇಲಿಯಾಜ್ ಅಂತ, ಇನ್ನೂ ಸರಿಯಾಗಿ ಮೀಸೆ ಬಂದಿಲ್ಲ. ಅವನ ತಾತ ಟೋಪಿ ತೆಗೆದು, "ಕೊರಳು ಬಗ್ಗಿಸಿ ಬಂದಿದೀವಿ, ಕಡೀರಿ ಇಲ್ಲ ಉಳಿಸ್ರಿ" ಎಂದರು. ಪರಿಹಾರವೆಂದು ತಂದ ಕುದುರೆಯನ್ನು ಗೇಟಿಗೆ ಕಟ್ಟಿದ್ದರು. ಮಾವಯ್ಯ, "ಕುದುರೆ ಬಿಚ್ಚಿಕೊಂಡು ಹೋಗಿ. ನನ್ನ ಮಗನಿಗೆ ಕುದುರೆ ಹತ್ತೋಕೆ ಬರ್ತಿರ್ಲಿಲ್ಲ. ಕೋರ್ಟಿನದು ಕೋರ್ಟಿಗಿರ್ಲಿ" ಎಂದು ಹೇಳಿ, ರೊಟ್ಟಿ ಮುರಿದು ಹುಡುಗನ ಮುಂದೆ ಇಟ್ಟರು. ಅವನು ತಲೆ ಎತ್ತಲಿಲ್ಲ, ರೊಟ್ಟಿಗೆ ಕೈ ಹಾಕಲೂ ಇಲ್ಲ.

ಚಹಾ ಬಗ್ಗಿಸುವುದು ನನ್ನ ಕೆಲಸ. ಅವನ ಬಟ್ಟಲು ತೆಗೆದುಕೊಂಡು, ಹಾಲು ಹಾಕಲೇ ಎಂದು ಕೇಳಿದೆ. ಅಷ್ಟೇ ಕೇಳಿದ್ದು. ಅವನು ಹೊಡೆತ ತಿಂದವನಂತೆ ತಲೆ ಎತ್ತಿದ. ನನ್ನ ಮುಖ ನೋಡಿದ, ಮತ್ತೆ ನನ್ನ ಬಾಯಿ ನೋಡಿದ. ಎದ್ದು ಹೊರಗೆ ಓಡಿ ಅಂಗಳದ ನಲ್ಲಿಯ ಹತ್ತಿರ ಕಾರಿಕೊಂಡ. ನಾನು ನೀರಿನ ಚೆಂಬು ಹಿಡಿದು ಹೋದೆ.

"ಅಕ್ಕ, ನೀವು ದಿನಾ ನನ್ನ ಚಿಕ್ಕ ದೊರೆ ಅಂತಿದ್ರಿ" ಎಂದ. "ಬಿಡಬೇಡ, ಅವನು ಮುಂದೆ ಹೋಗ್ತಾನೆ ಅಂತಿದ್ರಿ."

ಹೌದು, ಹೇಳಿದ್ದೆ. ನೀನೇ ಬರೆದುಕೊಟ್ಟ ಸಾಲು ಅದು, ಆಟದಲ್ಲಿ ಯಾರೋ ಹಿಂದೆ ಹಾಕಲು ಬಂದಾಗ ಹೇಳುವುದು. ನನಗೆ ಅವನ ಕೆನ್ನೆಗೆ ಬಾರಿಸುವಷ್ಟು ಸಿಟ್ಟು ಬಂತು. ಅದು ನಿನ್ನ ಹೆಸರಲ್ಲ ಕಣೋ ಎಂದು ಕಿರುಚಬೇಕೆನ್ನಿಸಿತು. ಕಿರುಚಲಿಲ್ಲ, ಚೆಂಬು ಅಲ್ಲೇ ಇಟ್ಟು ಒಳಗೆ ಬಂದೆ. ಅವರು ಹೋಗುವವರೆಗೂ ಹೊರಗೆ ಮುಖ ಹಾಕಲಿಲ್ಲ. ಮಾವಯ್ಯನಷ್ಟು ದೊಡ್ಡ ಮನಸ್ಸು ನನಗಿಲ್ಲ ಚಿಕ್ಕ ದೊರೆ.

ಮರುದಿನವೇ ಮೆದೆರ್‌ಗೆ ಫೋನು ಮಾಡಿ, ನನ್ನ ದನಿಯನ್ನು ಆಟದಿಂದ ಕಿತ್ತುಹಾಕು ಎಂದೆ. "ಹಾಕ್ಬಹುದು ಅಕ್ಕ. ಯಂತ್ರದ ದನಿ ರೆಡಿ ಇದೆ, ಎಲ್ಲ ಬೀದಿ ಹೆಸರೂ ಸರಿಯಾಗೇ ಹೇಳುತ್ತೆ. ಆಮೇಲೆ ಅದರಲ್ಲಿ ಅವನು ಮಾಡಿದ್ದು ಅಂತ ಏನೂ ಉಳಿಯಲ್ಲ, ಅಷ್ಟೇ" ಎಂದ. ಉಳಿಸಿದರೆ ಇನ್ನೊಬ್ಬ ಇಲಿಯಾಜ್ ನನ್ನ ದನಿಗೇ ಗಾಡಿ ಓಡಿಸುತ್ತಾನೆ. ಅಳಿಸಿದರೆ ನಿನ್ನನ್ನು ನಾನೇ ಇನ್ನೊಂದು ಸಲ ಕಳಿಸಿದ ಹಾಗೆ. ಕೆಲಸದಲ್ಲಿ ಕರಕೋಲ್ ಬಸ್ಸನ್ನು ತಲಾಸಿಗೆ ಕೂಗಿದೆ. ಜನ ಬೈದುಕೊಂಡು ಓಡಾಡಿದರು.

ಇದಕ್ಕೆ ದಾರಿ ತೋರಿಸಿದವರು ಮಾವಯ್ಯ. ಅವರು ನಿನ್ನ ಫೋನು ಇಟ್ಟುಕೊಂಡು ಹಗಲೆಲ್ಲ ಆ ಆಟ ಆಡುತ್ತಾರೆ, ಗೊತ್ತಾ? ಬಸ್ಸು ಓಡಿಸಿದ ಹಾಗೇ ಆಡುತ್ತಾರೆ. ಕೆಂಪು ದೀಪಕ್ಕೆ ನಿಲ್ಲುತ್ತಾರೆ, ತಿರುವಿಗೆ ಮೊದಲೇ ವೇಗ ಇಳಿಸುತ್ತಾರೆ, ಪ್ರತಿ ಸಲವೂ ಕೊನೆಗೆ ಬರುತ್ತಾರೆ. ತಮ್ಮ ಬೀದಿಗೆ ಬಂದಾಗ, ನೀನು ಆಟದಲ್ಲಿ ಬಿಡಿಸಿದ್ದ ನಾನ್ ಬೇಕರಿಯ ಮುಂದೆ ಗಾಡಿ ನಿಲ್ಲಿಸಿಕೊಂಡು ಸುಮ್ಮನೆ ಕೂರುತ್ತಾರೆ. ಪಕ್ಕದಲ್ಲಿ ಉಳಿದ ಕಾರುಗಳು ಸುಯ್ ಎಂದು ಹೋಗುತ್ತಿರುತ್ತವೆ. ಒಂದು ಮಧ್ಯಾಹ್ನ ನನ್ನನ್ನು ಕರೆದು ಪಕ್ಕದಲ್ಲಿ ಕೂರಿಸಿಕೊಂಡರು.

"ಮಗಳೇ, ಇಲ್ಲಿ ನಿಂತ್ರೆ ನೀನು ಬೈತೀಯಲ್ಲ. ಬಿಡಬೇಡ, ಬಿಡಬೇಡ ಅಂತೀಯ."

"ಆಟ ಮಾವಯ್ಯ, ಅದು ಹಾಗೇ."

"ಬೇರೆ ಕಡೆ ಬೇಕಾದ್ದು ಅನ್ನು. ಈ ಬೀದೀಲಿ ನಿಧಾನ ಅನ್ನು." ಫೋನು ನನ್ನ ಕೈಗೆ ಕೊಟ್ಟು, "ಅವನ ಹೆಸರು ಹಿಡಿದು ಅನ್ನು" ಎಂದರು.

ನಾನು ಅತ್ತೆಯವರ ಮುಖ ನೋಡಿದೆ. ಅವರು ಉಣ್ಣೆ ಬಿಡಿಸುತ್ತಾ, ನನ್ನ ಕಡೆ ನೋಡದೆಯೇ, "ಅಪ್ಪನೇ ಅಪ್ಪಣೆ ಕೊಟ್ಟಮೇಲೆ ನಾನ್ಯಾರು. ಹೇಳಮ್ಮ. ನನ್ನ ಗಂಟಲಲ್ಲಂತೂ ಶಕ್ತಿ ಉಳಿದಿಲ್ಲ, ಇನ್ನು ನೀನು ಹೇಳು" ಎಂದರು. ಸಾಯುವತನಕ ಹೇಳಬಾರದು ಎಂದು ಪಾಠ ಮಾಡಿದವರು ಅವರೇ.

ರೇಸಿನ ಆಟದಲ್ಲಿ ನಿಧಾನ ಎಂದು ಹೇಳಿದರೆ ಕಂಪನಿಯವರು ಒಪ್ಪುತ್ತಾರೆಯೇ ಎಂದು ಮೆದೆರ್‌ನನ್ನು ಕೇಳಿದೆ. "ಅವರಿಗೆ ನಮ್ಮ ಭಾಷೆ ಎಲ್ಲಿ ಬರುತ್ತೆ ಅಕ್ಕ, ನೀವು ಲಾಲಿ ಹಾಡಿದ್ರೂ ಅವರಿಗೆ ಒಂದೇ" ಎಂದ. ನೀನು ಹೋದಮೇಲೆ ಅವನು ತಮಾಷೆ ಮಾಡಿದ್ದು ಅದೇ ಮೊದಲು. ಆದರೆ ಅಲ್ಮಾಟಿಯವರಿಗೆ ಭಾಷೆ ಬರುತ್ತದಲ್ಲ, ಅವರ ಹತ್ತಿರ ತಾನೇ ಹೋಗಿ ಮಾತಾಡಿ ಬಂದ. ಏನು ಹೇಳಿದನೋ, ಅವರು ಈ ಸಲ ತಕರಾರು ತೆಗೆಯಲಿಲ್ಲ. ಚಿಕ್ಕ ದೊರೆ ಎಂಬುದನ್ನೂ ಎಲ್ಲ ಕಡೆಯಿಂದ ತೆಗೆದುಬಿಡಲೇ ಎಂದು ಅವನು ಕೇಳಿದಾಗ ನಾನು ಒಂದು ದಿನ ಯೋಚಿಸಿದೆ. ನಲ್ಲಿಯ ಹತ್ತಿರ ಕೂತಿದ್ದ ಆ ಹುಡುಗನ ಬೆನ್ನು ನೆನಪಾಯಿತು. ಉಳಿದ ಬೀದಿಗಳಲ್ಲಿ ಅದು ಹುಡುಗರಿಗೇ ಇರಲಿ, ಯಾರ ಮನೆಯ ದೊರೆಗಳೋ ಏನೋ, ಬಿಡಬೇಡ ಎಂಬ ಸಾಲೊಂದನ್ನು ಮಾತ್ರ ಎಲ್ಲ ಕಡೆಯಿಂದ ತೆಗೆ ಎಂದೆ. ನನ್ನಿಂದ ಕ್ಷಮಿಸಲು ಆದದ್ದು ಇಷ್ಟೇ. ಇದಕ್ಕಿಂತ ಹೆಚ್ಚು ಕೇಳಬೇಡ.

ಅದೇ ಮೂಲೆ, ಅದೇ ರಜಾಯಿಗಳು. ನೀನು ಕೂರುತ್ತಿದ್ದ ಜಾಗದಲ್ಲಿ ಮೆದೆರ್ ಕೂತಿದ್ದ. ಮೈಕಿನ ಮುಂದೆ ಬಾಯಿ ತೆರೆದರೆ ಪ್ರತಿ ಸಲವೂ ಚಿಕ್ಕ ದೊರೆ ಎಂದೇ ಬರುತ್ತಿತ್ತು. ಇಷ್ಟು ವರ್ಷ ತಡೆದ ನಾಲಿಗೆ, ಅಪ್ಪಣೆ ಸಿಕ್ಕಿತೆಂದು ತಕ್ಷಣ ಹೊರಳುತ್ತದೆಯೇ? ಮೆದೆರ್ ಬೇಸರವಿಲ್ಲದೆ ಮತ್ತೆ ಮತ್ತೆ ಶುರುಮಾಡಿದ. ಆಮೇಲೆ ಕಣ್ಣು ಮುಚ್ಚಿಕೊಂಡು, ನೀನು ಹೊಸ ಬೂಟು ಹಾಕಿಕೊಂಡು ಗೇಟು ದಾಟುತ್ತಿದ್ದೀಯ, ನಾನು ಹಿಂದಿನಿಂದ ಕರೆಯಬೇಕು ಎಂದುಕೊಂಡೆ. ಕರೆದೆ. ಹೊರಗೆ ಮಾವಯ್ಯ ಚಹಾದ ಬಟ್ಟಲು ಕೆಳಗಿಟ್ಟ ಸದ್ದು ಕೇಳಿಸಿತು. ಮೆದೆರ್ ತುಂಬ ಹೊತ್ತು ಯಂತ್ರ ನಿಲ್ಲಿಸುವುದನ್ನೇ ಮರೆತಿದ್ದ. ಅದರಲ್ಲಿ ನನ್ನ ಅಳುವೂ ಸೇರಿತ್ತು, ಅದನ್ನು ಕತ್ತರಿಸಿ ತೆಗೆದಿದ್ದಾನೆ.

ನನ್ನ ದನಿಯಲ್ಲಿ ನಿನ್ನ ಹೆಸರು ಹೇಗೆ ಕೇಳಿಸುತ್ತದೆ ಎಂದು ನಿನಗೆ ತಿಳಿಯಬೇಕಿತ್ತಲ್ಲ. ಚೆನ್ನಾಗಿಯೇ ಕೇಳಿಸುತ್ತದೆ. ತಡವಾಗಿ ಬಂದ ಬಸ್ಸಿನ ಹಾಗೆ ಕೇಳಿಸುತ್ತದೆ, ಹತ್ತಬೇಕಾದವನು ಅಷ್ಟರಲ್ಲಿ ಹೊರಟುಹೋಗಿದ್ದಾನೆ. ನಾಳೆಯಿಂದ ಮಾವಯ್ಯನ ಬೀದಿಗೆ ಬಂದ ಪ್ರತಿ ಹುಡುಗನಿಗೂ ನಾನು ಆ ಹೆಸರು ಹೇಳುತ್ತೇನೆ. ಅವರಲ್ಲಿ ಯಾರಾದರೂ ಒಬ್ಬ, ನಿಜವಾದ ಬೀದಿಯಲ್ಲಿ ನಿಜವಾದ ಗಾಡಿಯಲ್ಲಿ ಹೋಗುವಾಗ ಅದು ನೆನಪಾಗಿ ಕಾಲು ಸಡಿಲಿಸಿದರೆ ಸಾಕು.

ಎಣ್ಣೆ ಕಾದಿದೆ, ವಾಸನೆ ಬರುತ್ತಿದೆ. ನಿನಗೂ ಬಂದಿರಬೇಕು. ಮಾವಯ್ಯ ಆಗಲೇ ಎರಡು ಸಲ ಅಡುಗೆಮನೆಗೆ ಇಣುಕಿ ಹೋದರು, ಮೊದಲನೆಯದನ್ನು ನಿನಗೆಂದು ಅವರೇ ಎಣ್ಣೆಗೆ ಬಿಡಬೇಕಂತೆ. ನಿನ್ನ ಮೇಲಿನ ಮಣ್ಣು ಹಗುರವಾಗಿರಲಿ, ಮೆತ್ತಗಿರಲಿ. ಅಲ್ಲಿಯೂ ಬೀದಿಗಳಿದ್ದರೆ, ನಿನಗೆ ದಾಟಲು ಎಲ್ಲರೂ ದಾರಿ ಬಿಡಲಿ.

ನಿಧಾನವಾಗಿ ಹೋಗು, ಅರ್ಗೆನ್.

ನಿನ್ನ ಅತ್ತಿಗೆ,
ಬುರುಲ್